ದೇವರ ಗುಡಿ, ವೀರರ ಕಲ್ಲು: ಒಂದು ದಿನದ ಯಾತ್ರೆ

ಬೆಂಗಳೂರಿನಿಂದ ತುಮಕೂರಿಗೆ ಹೋಗುವ ಹೆದ್ದಾರಿಯಲ್ಲಿ, ನೆಲಮಂಗಲವನ್ನು ಸೇರುವುದಕ್ಕೆ ಮುಂಚೆ, ಮಾಕಳಿಯೆಂಬ ಊರುಂಟು. ಹಿಂದೆ ಬೆಂಗಳೂರು ಉತ್ತರ ತಾಲ್ಲೂಕಿನ ಒಂದು ಸಾಧಾರಣ ಗ್ರಾಮವಾಗಿದ್ದ ಇದು ಈಚೆಗೆ ನಗರದ ಹೆಬ್ಬಾಗಿಲಿನಂತಾಗಿದೆ. ೨೦೨೪ರ ನವೆಂಬರಿನಲ್ಲಿ ಮೆಟ್ರೊ ರೈಲು ಸಮೀಪದ ಮಾದಾವರದವರೆಗೆ ಬಂದಿತು. ಇಂತಹ ಊರಿನಲ್ಲಿ ನೆಲೆಸಿದ ಗೃಹಸ್ಥರಿಗೆ, ಮನೆಗೆ ನೆಂಟರು ಬಂದಾಗಲೆಲ್ಲ ಒಂದು ಚಿಂತೆ ಹುಟ್ಟುವುದು: ಇವರನ್ನು ಎಲ್ಲಿಗೆ ಕರೆದುಕೊಂಡು ಹೋಗೋಣ? ಹಿರಿಯರಿಗೆ ದೇವಸ್ಥಾನಗಳನ್ನು ನೋಡಬೇಕೆಂಬ ಆಸೆ. ಹುಡುಗರಿಗೆ ಯುದ್ಧದ ಕಥೆಗಳಲ್ಲಿ ಆಸೆ. ಈ ಎರಡು ಆಸೆಗಳನ್ನೂ ಒಂದೇ ದಿನದಲ್ಲಿ ತೀರಿಸುವುದು ಹೇಗೆಂಬುದನ್ನು ಈ ಭಾಷಣದಲ್ಲಿ ವಿವರಿಸಬೇಕೆಂದಿದ್ದೇವೆ.

ಒಂದು ಮನೆಯವರು, ಅಥವಾ ನಾಲ್ಕಾರು ಮಂದಿ ಮಿತ್ರರು, ತಮಗಾಗಿಯೇ ಒಂದು ಮೋಟಾರನ್ನೂ ಒಬ್ಬ ಮಾರ್ಗದರ್ಶಿಯನ್ನೂ ಗೊತ್ತುಮಾಡಿಕೊಂಡು, ಬೆಳಗ್ಗೆ ಹೊರಟು ಸಂಜೆಗೆ ಮನೆ ಸೇರುವ ಪ್ರವಾಸ ಈಗ ಬಳಕೆಗೆ ಬಂದಿದೆ. ದೊಡ್ಡ ಗುಂಪಿನೊಡನೆ ಹೋದರೆ ಗುಂಪಿನ ಗತಿಯೇ ನಮ್ಮ ಗತಿ. ನಮ್ಮದೇ ಆದ ಪ್ರವಾಸದಲ್ಲಿ ನಿಲ್ಲಬೇಕೆಂದಲ್ಲಿ ನಿಲ್ಲಬಹುದು, ಕೇಳಬೇಕೆಂದುದನ್ನು ಕೇಳಬಹುದು. ಆದರೆ ಈ ಸ್ವಾತಂತ್ರ್ಯವನ್ನು ಬಳಸಿಕೊಳ್ಳುವ ಬಗೆ ತಿಳಿಯದಿದ್ದರೆ ಹಣವೂ ಹೊತ್ತೂ ವ್ಯರ್ಥವಾಗುವುವು. ನಮ್ಮ ಮೊದಲನೆಯ ಯಾತ್ರೆ ಹಾಗೆಯೇ ವ್ಯರ್ಥವಾಯಿತು. ಒಂದು ದಿನದಲ್ಲಿ ಹನ್ನೆರಡು ಸ್ಥಳಗಳನ್ನು ತೋರಿಸುವುದಾಗಿ ಮಾರ್ಗದರ್ಶಿ ಮಾತು ಕೊಟ್ಟಿದ್ದನು. ಮಾತಿಗೆ ತಪ್ಪದೆ ಹನ್ನೆರಡನ್ನೂ ತೋರಿಸಿದನು. ಮನೆಗೆ ಬಂದಮೇಲೆ, "ಇವತ್ತು ಏನೇನು ನೋಡಿದಿರಪ್ಪಾ?" ಎಂದು ಅಜ್ಜಿ ಕೇಳಿದರು. ನಮ್ಮ ಹುಡುಗರು ಹೇಳಲಾರದೆ ಒಬ್ಬರ ಮುಖವನ್ನೊಬ್ಬರು ನೋಡಿದರು. ಅವರ ಚಿತ್ತದಲ್ಲಿ ಉಳಿದಿದ್ದುದು ದಾರಿಯ ಧೂಳೂ ಎಳನೀರೂ ಮಾತ್ರ.

ಎರಡನೆಯ ಸಲ ಬೇರೊಬ್ಬ ಮಾರ್ಗದರ್ಶಿ ದೊರೆತನು. "ಐದು ಸ್ಥಳ ಸಾಕು ಸ್ವಾಮಿ, ಆದರೆ ಮೊದಲನೆಯ ಸ್ಥಳದಲ್ಲಿ ಒಂದು ಗಂಟೆ ನಿಲ್ಲಬೇಕು" ಎಂದು ಅವನು ಮೊದಲೇ ತಿಳಿಸಿದನು. ಆ ಒಂದು ಗಂಟೆಯಲ್ಲಿ ನಾವು ಕಲಿತುದು ಉಳಿದ ದಿನಕ್ಕೆಲ್ಲ ಕಣ್ಣು ಕೊಟ್ಟಿತು. ಅಲ್ಲಿ ಇದ್ದುದು ಗೋಪುರವಲ್ಲ, ಅರಮನೆಯಲ್ಲ, ಒಂದು ಕಲ್ಲು. ನಮ್ಮ ನಾಡಿನ ಜನ ವೀರಗಲ್ಲೆಂದು ಕರೆಯುವ ಕಲ್ಲು.

ವೀರಗಲ್ಲೆಂದರೇನು? ಊರಿಗಾಗಿ ಕಾದಿ ಮಡಿದವನ ನೆನಪಿಗೆ ಊರವರೋ ಬಂಧುಗಳೋ ಒಡೆಯನೋ ನಿಲ್ಲಿಸಿದ ಶಿಲೆ. ಶತ್ರುಗಳು ದನಗಳನ್ನು ಅಟ್ಟಿಕೊಂಡು ಹೋಗುವಾಗ ಅಡ್ಡಗಟ್ಟಿ ಸತ್ತರೆ ಅದು ತುರುಗೋಳಿನ ಕಲ್ಲು. ಊರಿಗೆ ಊರೇ ನಾಶವಾಗುವಾಗ ಹೋರಾಡಿ ಸತ್ತರೆ ಅದು ಊರಳಿವಿನ ಕಲ್ಲು. ಹೆಂಗಸರ ಮಾನವನ್ನು ಕಾಯುವುದಕ್ಕಾಗಿ ಸತ್ತರೆ ಅದು ಪೆಣ್ಬುಯ್ಯಲಿನ ಕಲ್ಲು. ಗಂಗರ ಕಾಲದ ಕಲ್ಲುಗಳಲ್ಲಿ ಸಾಮಾನ್ಯವಾಗಿ ಕಾಳಗದ ಒಂದೇ ಚಿತ್ರವಿರುವುದು. ಮುಂದಿನ ಕಾಲದವುಗಳಲ್ಲಿ ಮೂರು ಪಟ್ಟಿಕೆಗಳು ಕಾಣುವುವು: ಕೆಳಗೆ ಯುದ್ಧ, ನಡುವೆ ಅಪ್ಸರೆಯರು ವೀರನನ್ನು ಎತ್ತಿಕೊಂಡು ಹೋಗುವುದು, ಮೇಲೆ ಅವನು ಶಿವಲಿಂಗದ ಅಥವಾ ತನ್ನ ಇಷ್ಟದೇವತೆಯ ಸನ್ನಿಧಿಯಲ್ಲಿ ಕುಳಿತಿರುವುದು. ತುದಿಯಲ್ಲಿ ಸೂರ್ಯಚಂದ್ರರು. ಅವರಿರುವವರೆಗೂ ಈ ಕೀರ್ತಿ ನಿಲ್ಲಲಿ ಎಂಬುದು ಅದರ ಅರ್ಥ. ಈ ಕಲ್ಲನ್ನು ಓದುವವನು ಕೆಳಗಿನಿಂದ ಮೇಲಕ್ಕೆ ಓದಬೇಕು. ನೆಲದಿಂದ ಆರಂಭವಾಗಿ ಸ್ವರ್ಗದಲ್ಲಿ ಮುಗಿಯುವ ಕಥೆ ಅದು.

ಇದನ್ನು ಗಮನಿಸಿದರೆ ಒಂದು ಸಂಗತಿ ಹೊಳೆಯದೆ ಇರದು. ದೇವಸ್ಥಾನ ಬೇರೆ, ಯುದ್ಧಸ್ಮಾರಕ ಬೇರೆ ಎಂದು ನಾವು ಇಂದು ವಿಂಗಡಿಸುತ್ತೇವೆ. ಈ ಕಲ್ಲುಗಳನ್ನು ನಿಲ್ಲಿಸಿದವರು ಹಾಗೆ ವಿಂಗಡಿಸಲಿಲ್ಲ. ಅವರಿಗೆ ಒಂದೇ ಶಿಲೆ ಸ್ಮಾರಕವೂ ಹೌದು, ಪೂಜೆಯ ಸ್ಥಾನವೂ ಹೌದು. ಅಷ್ಟೇ ಅಲ್ಲ, ಅದು ಒಂದು ಆಜ್ಞಾಪತ್ರವೂ ಹೌದು. ಮಡಿದವನ ಮನೆಯವರಿಗೆ ಬಿಟ್ಟುಕೊಟ್ಟ ಭೂಮಿಯನ್ನು ಅನೇಕ ಕಲ್ಲುಗಳಲ್ಲಿ ಹೇಳಿರುವುದುಂಟು. ಇದಕ್ಕೆ ಕಲ್ನಾಡು, ಬಾಳ್ಗಚ್ಚು, ನೆತ್ತರುಗೊಡಗೆ ಎಂಬ ಹೆಸರುಗಳುಂಟು. ಬಾಳ್ಗಚ್ಚೆಂದರೆ ಬಾಳನ್ನು, ಅಂದರೆ ಕತ್ತಿಯನ್ನು, ತೊಳೆಯುವುದು. ನೆತ್ತರುಗೊಡಗೆಯೆಂದರೆ ರಕ್ತಕ್ಕೆ ಕೊಟ್ಟ ಕೊಡುಗೆ. ಯುದ್ಧದಲ್ಲಿ ಸತ್ತವನ ಹೆಂಡತಿ ಮಕ್ಕಳಿಗೆ ಇಂದಿನ ಸರ್ಕಾರಗಳು ಕೊಡುವ ವೇತನದ ಹಳೆಯ ರೂಪ ಇದೆಂದರೆ ತಪ್ಪಾಗದು.

ಮನುಷ್ಯರಿಗೆ ಮಾತ್ರವೆ ಈ ಗೌರವ? ಅಲ್ಲ. ಬೆಂಗಳೂರಿನ ಸರ್ಕಾರಿ ವಸ್ತುಸಂಗ್ರಹಾಲಯದ ಆತಕೂರಿನ ಕಲ್ಲು ಕ್ರಿ. ಶ. ೯೪೯ರ ಸುಮಾರಿನದು. ಮಣಲೆರನೆಂಬ ವೀರನ ಕಾಳಿಯೆಂಬ ನಾಯಿ ಹಂದಿಯೊಡನೆ ಸೆಣಸಿ ಸತ್ತುದನ್ನು ಅದು ಹೇಳುತ್ತದೆ. ರಾಷ್ಟ್ರಕೂಟರಿಗೂ ಚೋಳರಿಗೂ ತಕ್ಕೋಲದಲ್ಲಿ ನಡೆದ ಮಹಾಯುದ್ಧದ ಸುದ್ದಿಯೂ ಅದೇ ಕಲ್ಲಿನಲ್ಲಿದೆ. ಅರಸರ ಯುದ್ಧಕ್ಕೂ ಒಂದು ನಾಯಿಯ ನಿಷ್ಠೆಗೂ ಒಂದೇ ಶಿಲೆಯಲ್ಲಿ ಜಾಗ ಮಾಡಿಕೊಟ್ಟವರ ಮನಸ್ಸು ಸಣ್ಣದಲ್ಲ. ಈ ಒಂದು ಕಥೆಯನ್ನು ಹೇಳಿದರೆ ಸಾಕು, ಹುಡುಗರು ದಿನವೆಲ್ಲ ಮಾರ್ಗದರ್ಶಿಯ ಬೆನ್ನು ಬಿಡುವುದಿಲ್ಲ.

ಇನ್ನು ಯಾತ್ರೆಯ ಕ್ರಮವನ್ನು ನೋಡೋಣ. ಮಾಕಳಿಯಿಂದ ಹೊತ್ತು ಹುಟ್ಟುವ ವೇಳೆಗೆ ಹೊರಡಬೇಕು. ಇದಕ್ಕೆ ಎರಡು ಕಾರಣಗಳು. ತುಮಕೂರು ರಸ್ತೆಯ ಗಾಡಿಗಳ ಸಂದಣಿ ಒಂದು. ಬಿಸಿಲಿನ ಓರೆ ಮತ್ತೊಂದು, ಇದು ಮುಖ್ಯವಾದುದು. ಸವೆದ ಅಕ್ಷರಗಳು ನಡುಹಗಲಿನ ಬೆಳಕಿನಲ್ಲಿ ಕಾಣುವುದಿಲ್ಲ. ಬೆಳಕು ಪಕ್ಕದಿಂದ ಬಿದ್ದರೆ ಅಕ್ಷರದ ಗುಣಿಯಲ್ಲಿ ನೆರಳು ನಿಂತು, ಇಲ್ಲದ ಬರಹ ಎದ್ದುಬಂದಂತೆ ತೋರುವುದು. ಕಲ್ಲು ಮಂಟಪದ ನೆರಳಿನಲ್ಲಿದ್ದರೆ ಕೈದೀಪವನ್ನು ಒಂದು ಮಗ್ಗುಲಿನಿಂದ ಹಿಡಿದರೂ ಆದೀತು. ಸೀಮೆಸುಣ್ಣವನ್ನು ಉಜ್ಜುವುದು, ಬಣ್ಣ ತುಂಬುವುದು, ಮೊನಚಾದ ಕಡ್ಡಿಯಿಂದ ಕೆದಕುವುದು, ಇವು ಎಂದಿಗೂ ಕೂಡದು. ಶಾಸನವನ್ನು ನೋಡುವುದಕ್ಕೆ ಮೊದಲು ಹೋಗಬೇಕು, ದೇವಸ್ಥಾನವನ್ನು ಆಮೇಲೆ ನೋಡಬೇಕು ಎಂಬ ನಿಯಮಕ್ಕೆ ಇದೇ ಆಧಾರ.

ಆದುದರಿಂದ ಮೊದಲನೆಯ ಸ್ಥಳ ಹೆಬ್ಬಾಳ. ತುಮಕೂರು ರಸ್ತೆಯಿಂದ ಹೊರವರ್ತುಲ ರಸ್ತೆಗೆ ತಿರುಗಿದರೆ ಹೆಬ್ಬಾಳದ ಮೇಲುಸೇತುವೆ ಎದುರಾಗುವುದು. ವಿಮಾನನಿಲ್ದಾಣಕ್ಕೆ ಹೋಗುವವರೆಲ್ಲ ಈ ಸೇತುವೆಯನ್ನು ಬಲ್ಲರು. ಅದರ ಮಗ್ಗುಲಿನ ಹಳೆಯ ಊರನ್ನು ಬಲ್ಲವರು ವಿರಳ. ಅಲ್ಲಿ ೨೦೧೮ರಲ್ಲಿ ನೆಲವನ್ನು ಅಗೆಯುವ ಕೆಲಸ ನಡೆದಿದ್ದಾಗ ಒಂದು ವೀರಗಲ್ಲು ಹೊರಬಿದ್ದಿತು. ಅದು ಗಂಗರ ಶ್ರೀಪುರುಷ ಮಹಾರಾಜನ ಆಳಿಕೆಗೆ ಸೇರಿದುದೆಂದೂ ಸುಮಾರು ಕ್ರಿ. ಶ. ೭೫೦ರದೆಂದೂ ವಿದ್ವಾಂಸರು ನಿರ್ಣಯಿಸಿದ್ದಾರೆ. ಬೆಂಗಳೂರಿನಲ್ಲಿ ಇದುವರೆಗೆ ದೊರೆತಿರುವ ಕನ್ನಡ ಶಾಸನಗಳಲ್ಲಿ ಇದೇ ಅತ್ಯಂತ ಪ್ರಾಚೀನವೆಂಬುದು ಅವರ ಮತ. ಪೆರ್ಬೊಳಲ್ ನಾಡಿನ ಮೇಲೆ ರಟ್ಟವಾಡಿಯವರು, ಎಂದರೆ ರಾಷ್ಟ್ರಕೂಟರ ಕಡೆಯವರು, ದಾಳಿಯಿಟ್ಟಾಗ ಕಿತ್ತಯನೆಂಬವನು ಕಾದಿ ಇಂದ್ರಲೋಕಕ್ಕೆ ಸಂದನೆಂಬುದು ಅದರ ಸಾರಾಂಶ. ಪೆರ್ಬೊಳಲೆಂಬ ಹೆಸರೇ ಸವೆದು ಹೆಬ್ಬಾಳವಾಯಿತು. ಕಲ್ಲಿಗೆ ಈಗ ಒಂದು ಮಂಟಪದ ನೆರಳುಂಟು.

ಈ ಕಲ್ಲಿನ ಮುಂದೆಯೇ ನಮ್ಮ ಮಾರ್ಗದರ್ಶಿ ಒಂದು ಗಂಟೆ ನಿಲ್ಲಿಸಿದ್ದು. ಅವನು ತಾನಾಗಿ ಕಥೆ ಹೇಳಲಿಲ್ಲ. ಹುಡುಗರ ಕೈಗೆ ದೀಪವನ್ನು ಕೊಟ್ಟು, "ನಿಮಗೆ ಗೊತ್ತಿರುವ ಅಕ್ಷರ ಯಾವುದಾದರೂ ಕಾಣುತ್ತದೆಯೇ ನೋಡಿ" ಎಂದನು. ಸಾವಿರದ ಇನ್ನೂರೆಪ್ಪತ್ತು ವರ್ಷಗಳ ಹಿಂದಿನ ಲಿಪಿ ಮೊದಲಿಗೆ ಅಪರಿಚಿತವಾಗಿಯೇ ತೋರುವುದು. ಅವನು ಒಂದೆರಡು ಅಕ್ಷರಗಳನ್ನು ಕಾಗದದ ಮೇಲೆ ಬರೆದು ತೋರಿಸಿದಮೇಲೆ ನಮ್ಮ ಕಿರಿಯವನು ಕಲ್ಲಿನಲ್ಲಿ ಒಂದು 'ರ'ಕಾರವನ್ನು ಗುರುತಿಸಿ ಕೂಗಿಕೊಂಡನು. ಅಲ್ಲಿಗೆ ಕಿತ್ತಯನು ಅವನಿಗೆ ಹತ್ತಿರದವನಾದನು. ಅರ್ಥವಾಗದ ಒಂದು ಭಾಗವನ್ನು ಕುರಿತು ನಾವು ಕೇಳಿದಾಗ, "ನನಗೆ ತಿಳಿಯದು ಸ್ವಾಮಿ, ಓದಿದವರನ್ನು ಕೇಳಬೇಕು" ಎಂದನು. ಒಳ್ಳೆಯ ಮಾರ್ಗದರ್ಶಿಯ ಲಕ್ಷಣವನ್ನು ಅಲ್ಲಿಯೇ ಕಂಡೆವು. ತಿಳಿಯದೆಡೆಯಲ್ಲಿ ಕಥೆ ಕಟ್ಟುವವನು ಕೇಳುವವರನ್ನು ಒಂದು ಗಳಿಗೆ ನಗಿಸಬಹುದು. ಆದರೆ ಸತ್ತವನಿಗೆ ಎರಡನೆಯ ಸಾವನ್ನು ತರುವನು.

ಅಲ್ಲಿಂದ ಉತ್ತರಕ್ಕೆ ಯಲಹಂಕ. ಬೆಂಗಳೂರನ್ನು ೧೫೩೭ರಲ್ಲಿ ಕಟ್ಟಿದ ಕೆಂಪೇಗೌಡರ ವಂಶದವರಿಗೆ ಯಲಹಂಕ ನಾಡಪ್ರಭುಗಳೆಂಬ ಬಿರುದು ಬಂದುದು ಈ ಊರಿನಿಂದಲೇ. ಹಳೆಯ ಊರಿನ ವೇಣುಗೋಪಾಲಸ್ವಾಮಿಯ ದರ್ಶನವನ್ನು ಹೊತ್ತೇರುವ ಮುನ್ನ ಮಾಡಿಕೊಳ್ಳಬೇಕು. ಮಧ್ಯಾಹ್ನದಲ್ಲಿ ದೇವಸ್ಥಾನಗಳು ಬಾಗಿಲು ಹಾಕುವುವೆಂಬುದನ್ನು ಮರೆತು ಮುಚ್ಚಿದ ಬಾಗಿಲಿಗೆ ಕೈಮುಗಿದು ಬರುವ ಪ್ರವಾಸಿಗಳು ಎಷ್ಟು ಮಂದಿ! ಮರಳುವ ದಾರಿಯಲ್ಲಿ ಮೇಖ್ರಿ ವೃತ್ತದ ಬಳಿಯ ಗೋಪುರವನ್ನು ನೋಡಬಹುದು. ಲಾಲ್‌ಬಾಗು, ಹಲಸೂರು, ಕೆಂಪಾಂಬುಧಿ, ಇಲ್ಲಿ, ಹೀಗೆ ನಾಲ್ಕು ಕಡೆ ನಿಂತಿರುವ ಗೋಪುರಗಳಲ್ಲಿ ಇದೊಂದು. ನಗರ ಇಷ್ಟಕ್ಕೆ ಬೆಳೆಯಲೆಂದು ಹಾಕಿದ ಎಲ್ಲೆಯೆಂದು ಜನ ಹೇಳುವರು. ಆ ಎಲ್ಲೆಯನ್ನು ದಾಟಿ ಹತ್ತಾರು ಮೈಲಿ ಆಚೆ, ಮಾಕಳಿಯಿಂದ ಬಂದ ನಾವು ಅದರ ಬುಡದಲ್ಲಿ ನಿಂತು ನಗುವುದು ಸಹಜ.

ಮಧ್ಯಾಹ್ನದ ಊಟವಾದಮೇಲೆ ಜಯಚಾಮರಾಜೇಂದ್ರ ನಗರ. ಇಲ್ಲಿ ಮೈಸೂರು ಲ್ಯಾನ್ಸರ್ಸ್ ಎಂಬ ಈಟಿಯ ಕುದುರೆಸವಾರರ ಸ್ಮಾರಕಸ್ತಂಭವುಂಟು. ೧೯೧೪ರಿಂದ ೧೯೧೮ರವರೆಗೆ ನಡೆದ ಮಹಾಯುದ್ಧದಲ್ಲಿ ಮೈಸೂರು ಸಂಸ್ಥಾನದ ಈ ಪಡೆ ಈಜಿಪ್ಟು, ಪ್ಯಾಲೆಸ್ತೀನುಗಳಲ್ಲಿ ಹೋರಾಡಿತು. ೧೯೧೮ರ ಸೆಪ್ಟೆಂಬರ್ ೨೩ರಂದು ಹೈಫಾ ಪಟ್ಟಣವನ್ನು ಹಿಡಿದುದು ಇದರ ಅತಿ ಪ್ರಸಿದ್ಧವಾದ ಕಾರ್ಯ. ಒಂದು ಕಡೆ ಕಾರ್ಮೆಲ್ ಬೆಟ್ಟ, ಇನ್ನೊಂದು ಕಡೆ ನದಿ. ನಡುವಣ ಇಕ್ಕಟ್ಟಿನ ದಾರಿಗೆ ತುರ್ಕಿಯವರ ಕಡೆಯ ತೋಪುಗಳೂ ಯಂತ್ರಕೋವಿಗಳೂ ಗುರಿಯಿಟ್ಟಿದ್ದುವು. ಮೈಸೂರಿನವರ ಒಂದು ತುಕಡಿ ಬೆಟ್ಟವನ್ನೇರಿ ಮೇಲಿನ ತೋಪುಗಳ ಮೇಲೆ ಬಿದ್ದಿತು. ಜೋಧಪುರದ ಸವಾರರು ಕೆಳಗಿನಿಂದ ಪಟ್ಟಣಕ್ಕೆ ನುಗ್ಗಿದರು. ಜೋಧಪುರದ ಮೇಜರ್ ದಳಪತ್ ಸಿಂಗ್ ಅಂದು ಮಡಿದನು. ೧,೩೫೦ ಮಂದಿ ಸೆರೆಸಿಕ್ಕಿದರು. ೧೭ ತೋಪುಗಳು ಕೈವಶವಾದುವು. ಈಟಿ ಹಿಡಿದ ಸವಾರರು ಯಂತ್ರಕೋವಿಯ ಯುಗದಲ್ಲಿ ಭದ್ರವಾದ ಒಂದು ಪಟ್ಟಣವನ್ನು ಗೆದ್ದುದು ಯುದ್ಧಶಾಸ್ತ್ರಜ್ಞರಿಗೆ ಇಂದಿಗೂ ಆಶ್ಚರ್ಯದ ವಿಷಯ.

ದೆಹಲಿಯಲ್ಲಿ ೧೯೨೨ರಲ್ಲಿ ನಿಲ್ಲಿಸಿದ ಮೂರು ಪ್ರತಿಮೆಗಳು ಹೈದರಾಬಾದು, ಜೋಧಪುರ, ಮೈಸೂರುಗಳ ಈ ಸವಾರರವೇ. ಆ ವೃತ್ತಕ್ಕೆ ೨೦೧೮ರಲ್ಲಿ ಹೈಫಾದ ಹೆಸರನ್ನೂ ಸೇರಿಸಿದರು. ದೆಹಲಿಗೆ ಹೋದವರೆಲ್ಲ ಅದನ್ನು ನೋಡುವರು. ನಮ್ಮ ಊರಿನ ಸ್ತಂಭದ ಮುಂದೆ ನಾವು ನಿಂತಿದ್ದಾಗ ದಾರಿಹೋಕರೊಬ್ಬರು, "ಇಲ್ಲಿ ಏನಿದೆ ಸ್ವಾಮಿ ನೋಡುವುದಕ್ಕೆ?" ಎಂದು ಕೇಳಿದರು. ಮೈಸೂರು ಲ್ಯಾನ್ಸರ್ಸ್ ಪಡೆ ಈಗ ಇಲ್ಲ. ಸ್ವಾತಂತ್ರ್ಯಾನಂತರ ಸಂಸ್ಥಾನಗಳ ಅಶ್ವದಳಗಳನ್ನು ಕೂಡಿಸಿ ಭಾರತದ ಸೈನ್ಯದಲ್ಲಿ ೬೧ನೆಯ ಕ್ಯಾವಲ್ರಿಯನ್ನು ರಚಿಸಿದಾಗ ಅದು ಅದರಲ್ಲಿ ಸೇರಿಹೋಯಿತು. ಪಡೆಯಿಲ್ಲದ ಪಡೆಯ ಸ್ಮಾರಕಕ್ಕೆ ನೆರೆಹೊರೆಯವರಾದ ನಾವಲ್ಲದೆ ಬೇರೆ ವಾರಸುದಾರರು ಯಾರು?

ಬೆಳಗ್ಗೆ ಕಿತ್ತಯನ ಕಲ್ಲನ್ನು ನೋಡಿ ಮಧ್ಯಾಹ್ನ ಈ ಸ್ತಂಭವನ್ನು ನೋಡುವವನ ಮನಸ್ಸಿನಲ್ಲಿ ಹೋಲಿಕೆ ತಾನಾಗಿ ಮೂಡುವುದು. ಒಬ್ಬನು ತನ್ನ ಊರ ಮುಂದೆಯೇ ಸತ್ತನು. ಇವರು ಸಹಸ್ರಾರು ಮೈಲಿಗಳಾಚೆ, ಹೆಸರು ಕೇಳದ ನಾಡಿನಲ್ಲಿ ಸತ್ತರು. ಅವನು ಕಾದುದು ತನ್ನವರಿಗಾಗಿ. ಇವರು ಕಾದುದು ಒಂದು ಸಾಮ್ರಾಜ್ಯದ ಪರವಾಗಿ. ಅವನ ಕಲ್ಲಿನಲ್ಲಿ ಸ್ವರ್ಗದ ಮಾತುಂಟು. ಯುದ್ಧದಲ್ಲಿ ಮಡಿದವರ ಹೆಸರನ್ನು ನೆನಪಿನಲ್ಲಿಡುವುದೇ ಈ ಸ್ತಂಭದ ಕೆಲಸ. ಆದರೂ ಎರಡಕ್ಕೂ ಕಾರಣ ಒಂದೇ: ಮನೆಯಿಂದ ಹೊರಟುಹೋದವನು ಮರಳಲಿಲ್ಲ, ಅವನಿಗಾಗಿ ಒಂದು ಕಲ್ಲಾದರೂ ನಿಲ್ಲಲಿ.

ಸಂಜೆಗೆ ಮಲ್ಲೇಶ್ವರದ ಕಾಡುಮಲ್ಲಿಕಾರ್ಜುನನ ಸನ್ನಿಧಿ. ಶಿವಾಜಿಯ ತಮ್ಮನಾದ ಏಕೋಜಿ ಈ ದೇವರಿಗೆ ಮೇದರನಿಂಗನಹಳ್ಳಿಯನ್ನು ದತ್ತಿಯಾಗಿ ಬಿಟ್ಟ ಶಾಸನ ೧೬೬೯ರದು. ೧೬೩೮ರಲ್ಲಿ ಬಿಜಾಪುರದ ಸೈನ್ಯ ಬೆಂಗಳೂರನ್ನು ಗೆದ್ದಮೇಲೆ ಊರು ಷಹಾಜಿಯ ಜಹಗೀರಾಯಿತು. ಏಕೋಜಿ ಆತನ ಮಗನು. ಕತ್ತಿಯ ಬಲದಿಂದ ಬಂದವರೂ ಊರಿನ ದೇವರಿಗೆ ನಡೆದುಕೊಂಡರೆಂಬುದಕ್ಕೆ ಈ ಬಂಡೆಯ ಬರಹ ಸಾಕ್ಷಿ. ಗುಡಿಯ ಇತಿಹಾಸವನ್ನು ಅರಿಯದ ಭಕ್ತನಿಗೂ ದೇವರು ಒಲಿಯುವನು, ನಿಜ. ಆದರೆ ಗುಡಿಯ ಶಾಸನವನ್ನು ಅರಿತವನು ತನ್ನ ಊರಿಗೆ ಒಲಿಯುವನು. ಮಂಗಳಾರತಿಯಾದಮೇಲೆ ಯಶವಂತಪುರದ ಮೇಲೆ ಹಾದು ತುಮಕೂರು ರಸ್ತೆಯನ್ನು ಹಿಡಿದರೆ ಮಾಕಳಿಗೆ ರಾತ್ರಿಯ ಊಟದ ಹೊತ್ತಿಗೆ ಬಂದು ಸೇರಬಹುದು.

ಈಗ ನಮ್ಮ ಮುಖ್ಯವಾದ ಮಾತಿಗೆ ಬರೋಣ. ಹಳ್ಳಿಗಳಲ್ಲಿ ವೀರಗಲ್ಲುಗಳಿಗೆ ಎಣ್ಣೆ ಹಚ್ಚಿ, ಅರಿಸಿನ ಕುಂಕುಮವಿಟ್ಟು, ಬೇರೆ ಯಾವುದೋ ದೇವರ ಹೆಸರಿನಿಂದ ಪೂಜಿಸುವುದುಂಟು. ಓದುಬಲ್ಲವರು ಇದನ್ನು ಕಂಡು ಮರುಗುವರು; ಎಣ್ಣೆಯ ಜಿಡ್ಡಿನಲ್ಲಿ ಅಕ್ಷರಗಳು ಮುಚ್ಚಿಹೋಗುವುವೆಂಬ ಅವರ ಮರುಕ ನ್ಯಾಯವಾದುದೇ. ಆದರೆ ಇನ್ನೊಂದು ಮುಖವನ್ನೂ ನೋಡಬೇಕು. ಪೂಜೆಯಿದ್ದ ಕಲ್ಲನ್ನು ಯಾರೂ ಒಡೆದು ತಳಪಾಯಕ್ಕೆ ಹಾಕುವುದಿಲ್ಲ. ಬೆಂಗಳೂರಿನ ಕೋಟೆ ೧೭೯೧ರ ಮಾರ್ಚ್ ೨೧ರಂದು ಕಾರ್ನ್‌ವಾಲಿಸನ ಸೈನ್ಯದ ವಶವಾಯಿತು. ಆ ಮುತ್ತಿಗೆಯಲ್ಲಿ ಸತ್ತ ಇಂಗ್ಲಿಷರ ನೆನಪಿಗೆ ಎತ್ತಿದ್ದ ಸ್ತಂಭವನ್ನು ೧೯೬೪ರಲ್ಲಿ ತೆಗೆದುಹಾಕಿದರು. ಅದು ಪರರಾಜ್ಯದ ಗುರುತೆಂಬ ಭಾವನೆ ಜನರಲ್ಲಿತ್ತು. ಅದೇ ಮುತ್ತಿಗೆಯಲ್ಲಿ ಕೋಟೆಯನ್ನು ಕಾದು ಮಡಿದ ಕಿಲ್ಲೇದಾರ ಬಹದ್ದೂರ್ ಖಾನನ ಸಮಾಧಿಯೆಂದು ನಂಬಲಾದ ದರ್ಗಾ ಕೃಷ್ಣರಾಜೇಂದ್ರ ಮಾರುಕಟ್ಟೆಯ ಬಳಿ ನಿಂತಿದೆ. ಅಲ್ಲಿ ಜನ ಹೂವಿನ ಚಾದರವನ್ನು ಹೊದಿಸುವರು. ಜನರ ಭಕ್ತಿಯೊಳಗೆ ಸೇರಿದ ಸ್ಮಾರಕಕ್ಕೆ ಆಯುಸ್ಸು ಹೆಚ್ಚು.

ಆದುದರಿಂದ ಪೂಜೆ ಕಲ್ಲನ್ನು ಉಳಿಸುವುದು, ಓದು ಹೆಸರನ್ನು ಉಳಿಸುವುದು. ಪೂಜೆಯಿಲ್ಲದ ಕಲ್ಲು ಚರಂಡಿಯ ಹಾಸಾಗುವುದು. ಓದಿಲ್ಲದ ಕಲ್ಲು ಹೆಸರು ಕಳೆದ ದೇವರಾಗುವುದು. ಲೂಯಿ ರೈಸರ ಶಾಸನಸಂಪುಟಗಳಲ್ಲಿ ಬೆಂಗಳೂರು ಜಿಲ್ಲೆಯದು ೧೯೦೫ರಲ್ಲಿ ಹೊರಬಂದಿತು. ಅಂದು ಅವರ ಕಡೆಯವರು ಊರೂರು ಅಲೆದು ಬರೆದುಕೊಂಡ ಶಿಲೆಗಳಲ್ಲಿ ಎಷ್ಟೋ ಇಂದು ಇದ್ದೆಡೆಯಲ್ಲಿ ಇಲ್ಲ. ಮನೆಗಳೂ ರಸ್ತೆಗಳೂ ಅವನ್ನು ನುಂಗಿವೆ. ೧೯೦೯ರಲ್ಲಿ ಸ್ಥಾಪಿತವಾದ ಮಿಥಿಕ್ ಸೊಸೈಟಿಯವರು ಈಚಿನ ವರ್ಷಗಳಲ್ಲಿ ಉಳಿದ ಕಲ್ಲುಗಳನ್ನು ಮೂರು ಆಯಾಮಗಳಲ್ಲಿ ಯಂತ್ರದಿಂದ ಸೆರೆಹಿಡಿದು, ಸವೆದ ಅಕ್ಷರವೂ ಕಾಣುವಂತೆ ಸಾರ್ವಜನಿಕರ ಮುಂದಿಟ್ಟಿದ್ದಾರೆ. ಹೊರಡುವ ಹಿಂದಿನ ರಾತ್ರಿ ಅವನ್ನು ನೋಡಿಕೊಂಡರೆ ಮರುದಿನ ಕಲ್ಲು ಬೇಗ ಮಾತನಾಡುವುದು.

ಮಾರ್ಗದರ್ಶಿಯನ್ನು ಗೊತ್ತುಮಾಡುವಾಗ ಕೇಳತಕ್ಕ ಪ್ರಶ್ನೆಗಳನ್ನು ಹೇಳಿ ಮುಗಿಸುತ್ತೇವೆ. ನೀನು ಎಷ್ಟು ಸ್ಥಳಗಳನ್ನು ತೋರಿಸುವೆ ಎಂದು ಕೇಳಬೇಡಿ; ಯಾವ ಸ್ಥಳದಲ್ಲಿ ಎಷ್ಟು ಹೊತ್ತು ನಿಲ್ಲಿಸುವೆ ಎಂದು ಕೇಳಿರಿ. ಆ ಕಲ್ಲನ್ನು ನೀನೇ ಕಂಡಿರುವೆಯಾ, ಅದರ ಪಾಠವನ್ನು ಎಲ್ಲಿ ಓದಿದೆ ಎಂದು ಕೇಳಿರಿ. ಸಂಭಾವನೆ, ಮೋಟಾರಿನ ಬಾಡಿಗೆ, ಊಟದ ಖರ್ಚು, ಮರಳುವ ಹೊತ್ತು, ಇವೆಲ್ಲವನ್ನೂ ಹೊರಡುವ ಮುನ್ನವೇ ತೀರ್ಮಾನಿಸಿಕೊಳ್ಳಿರಿ. ಪೂಜೆ ನಡೆಯುತ್ತಿರುವೆಡೆ ಅಲ್ಲಿಯವರ ಅನುಮತಿಯಿಲ್ಲದೆ ಚಿತ್ರ ತೆಗೆಯಬೇಡಿರಿ. ಪಾದರಕ್ಷೆಯನ್ನು ಗುಡಿಯ ಮುಂದೆ ಬಿಡುವಂತೆ ವೀರಗಲ್ಲಿನ ಮುಂದೆಯೂ ಬಿಡಿರಿ.

ನಮ್ಮ ಎರಡನೆಯ ಯಾತ್ರೆಯಿಂದ ಮನೆಗೆ ಬಂದಾಗಲೂ ಅಜ್ಜಿ ಅದೇ ಪ್ರಶ್ನೆಯನ್ನು ಕೇಳಿದರು. ಕಿರಿಯವನು ಗುಡಿಗಳ ಹೆಸರನ್ನಾಗಲಿ ಗೋಪುರದ ಹೆಸರನ್ನಾಗಲಿ ಮೊದಲು ಹೇಳಲಿಲ್ಲ. "ಹೆಬ್ಬಾಳದಲ್ಲಿ ಕಿತ್ತಯ ಅಂತ ಒಬ್ಬನಿದ್ದ ಅಜ್ಜಿ, ಅವನ ಊರಿಗೆ ಕಳ್ಳರ ಹಾಗೆ ಶತ್ರುಗಳು ಬಂದರು" ಎಂದು ಆರಂಭಿಸಿದನು. ಅಜ್ಜಿ ಕಥೆಯನ್ನೆಲ್ಲ ಕೇಳಿ, ಕೊನೆಯಲ್ಲಿ, "ಅವನ ತಾಯಿ ಏನಾದಳೋ ಪಾಪ" ಎಂದರು. ಕಲ್ಲಿನಲ್ಲಿ ಅದನ್ನು ಬರೆದಿಲ್ಲ. ಆದರೆ ಹನ್ನೆರಡು ಶತಮಾನಗಳಾಚೆ ಸತ್ತವನ ಹೆಸರು ಒಂದು ಮನೆಯಲ್ಲಿ ಬಾಯಿಂದ ಬಾಯಿಗೆ ಬಂದು, ಅವನ ತಾಯಿಗಾಗಿ ಒಬ್ಬರು ಮರುಗಿದರಲ್ಲ, ಆ ಕಲ್ಲನ್ನು ನಿಲ್ಲಿಸಿದವರು ಬಯಸಿದ್ದುದೂ ಅದನ್ನೇ ಇರಬೇಕು.